ಪಾಲಿಬೆಟ್ಟ ರಸ್ತೆಯ ಕೂಗು

1954ನೆಯ ಇಸವಿ ಮೇ ತಿಂಗಳು 11, ಮಂಗಳವಾರ, ಮಧ್ಯಾಹ್ನ ಹನ್ನೆರಡು ಗಂಟೆ ನಾಲ್ಕು ನಿಮಿಷಕ್ಕೆ ಮಾರಿ ಬಂಡೆ ಸಿಡಿಸುವ ಮದ್ದಿನ ಬತ್ತಿಗೆ ಬೆಂಕಿ ಮುಟ್ಟಿಸಿ ಓಡಿ ಬಂದ. ರಸ್ತೆಯ ತಿರುವಿನಲ್ಲಿ ನಿಂತು, ಕೊಡಗಿನ ಯಾವ ಬಂಡೆಯ ಮುಂದೆಯೂ ಅಲ್ಲಿಯವರೆಗೆ ಯಾರೂ ಹೇಳಿರದ ಒಂದು ವಾಕ್ಯವನ್ನು ಹೇಳಲು ಬಾಯಿ ತೆರೆದ. ಆ ವಾಕ್ಯ ಅವನ ಬಾಯಿಗೆ ಬಂದದ್ದು ಹೇಗೆಂದು ಮೊದಲು ಹೇಳಬೇಕು.

ಅಮ್ಮತ್ತಿಯಿಂದ ಪಾಲಿಬೆಟ್ಟಕ್ಕೆ ಹೋಗುವ ರಸ್ತೆಯನ್ನು ಆ ವರ್ಷ ಅಗಲ ಮಾಡಿಸುತ್ತಿದ್ದರು. ನಾನು ಓವರ್ಸಿಯರ್. ಭೌತಶಾಸ್ತ್ರ ಓದಿ ಬಂದವನಿಗೆ ಬಂಡೆ ಸಿಡಿಸುವ ಕೆಲಸದಲ್ಲಿ ಹೊಸದಾಗಿ ಕಲಿಯಲು ಹೆಚ್ಚೇನೂ ಇರಲಿಲ್ಲ. ಕುಳಿಯಲ್ಲಿ ಮದ್ದು ತುಂಬಿ ಬತ್ತಿ ಇಟ್ಟರೆ, ಬತ್ತಿ ಅಡಿಗೆ ಮೂವತ್ತು ಸೆಕೆಂಡಿನಂತೆ ಉರಿಯುತ್ತದೆ, ಯಾರ ಮುಖ ನೋಡಿಯೂ ನಿಲ್ಲುವುದಿಲ್ಲ. ಇಷ್ಟು ಗೊತ್ತಿದ್ದರೆ ಸಾಕು. ಕೊಡಗಿನ ದೊಡ್ಡ ಮನುಷ್ಯರಿಗೆ ಇಷ್ಟನ್ನು ತಿಳಿಸಿ ಹೇಳಲು ಮಾತ್ರ ನನ್ನಿಂದ ಆಗಲಿಲ್ಲ.

ಕೆಲಸದ ಕಂಟ್ರಾಕ್ಟರ್ ಶಿರಂಗಾಲದ ಕೆಂಪಣ್ಣ. ಹಾಸನದ ಕಡೆಯಿಂದ ಬಂದು ಕುಶಾಲನಗರದ ಸುತ್ತ ಬೇಸಾಯಕ್ಕೆ ನಿಂತ ಮನೆತನದವನು. ಅವನ ಕೈಕೆಳಗೆ ಮದ್ದಿಗೆ ಬೆಂಕಿ ಇಡುವವನು, ಜನರನ್ನು ಕೂಗಿ ಎಚ್ಚರಿಸುವವನು, ಇಬ್ಬರೂ ಒಬ್ಬನೇ: ಸೇಲಂ ಕಡೆಯ ಮಾರಿ. ಹಿಂದೆ ಯಾವುದೋ ಕೆಲಸದಲ್ಲಿ ಅವನ ಎಡಗೈಯ ಎರಡು ಬೆರಳು ಹೋಗಿದ್ದವು. ಆಳುಗಳ ಲೆಕ್ಕ ಬರೆಯುವ ಎಸ್ಟೇಟಿನ ರೈಟರುಗಳು ಆ ಕೈ ನೋಡಿದ ಕೂಡಲೆ ಬೇಡ ಎನ್ನುತ್ತಿದ್ದರು. ಈ ಕೆಲಸವೂ ಇದರ ಜೊತೆ ಬಂದ ತಗಡಿನ ಗುಡಿಸಲೂ ಹೋದರೆ ಅವನಿಗೂ ಅವನ ಹೆಂಡತಿಗೂ ಕೊಡಗಿನಲ್ಲಿ ಬೇರೆ ಜಾಗವಿರಲಿಲ್ಲ.

ಬತ್ತಿ ಹತ್ತಿಸಿದ ಮೇಲೆ ಮಾರಿ ಮೂರು ಸಲ "ವೆಡೀ!" ಎಂದು ಕೂಗುತ್ತಿದ್ದ. ಅದು ತಮಿಳಿನ ಮಾತು, ಸಿಡಿಮದ್ದು ಎಂದು ಅರ್ಥ. ಕೇಳಿದೊಡನೆ ಎಸ್ಟೇಟಿನ ಕೂಲಿಲೈನಿನ ತಮಿಳರು, ಗಾಡಿ ಹೊಡೆಯುವ ಮಲಯಾಳಿಗಳು, ತುಳುವರು, ಕೊಡವರು, ಬಿಸ್ಕತ್ತಿನ ಅಂಗಡಿಯ ಸಾಬರು ಎಲ್ಲರೂ ಓಡುತ್ತಿದ್ದರು. ಓಡುವಾಗ ಅದು ಯಾವ ಭಾಷೆ ಎಂದು ಯಾರೂ ವಿಚಾರಿಸಿರಲಿಲ್ಲ. ವಿಚಾರಿಸಬೇಕೆಂದು ತೋರಿದ್ದು ಗುರುವಪ್ಪನವರಿಗೆ.

ಗುರುವಪ್ಪನವರು ವಿರಾಜಪೇಟೆಯಲ್ಲಿ ವಕೀಲರು, ನಮ್ಮ ನಾಡಿನ ಭಾಷಾ ಸಮಿತಿಯ ಅಧ್ಯಕ್ಷರು. ದೇಶದ ರಾಜ್ಯಗಳನ್ನು ಹೊಸದಾಗಿ ವಿಂಗಡಿಸಲು ಆಗ ಆಯೋಗವೊಂದು ಕೂತಿತ್ತು. ಕೊಡಗು ಮೈಸೂರಿಗೆ ಸೇರಬೇಕು ಎನ್ನುವವರೂ ಬೇರೆಯಾಗಿಯೇ ಉಳಿಯಬೇಕು ಎನ್ನುವವರೂ ಆಯೋಗದ ಕಾರು ಯಾವ ದಾರಿಯಲ್ಲಿ ಬರುತ್ತದೆಂದು ಕಾಯುತ್ತಿದ್ದರು. ನಮ್ಮ ರಸ್ತೆಯಲ್ಲೇ ಬರುತ್ತದೆಂದು ಗುರುವಪ್ಪನವರಿಗೆ ಯಾರೋ ಹೇಳಿದ್ದರು. ಕನ್ನಡದ ನಾಡೆಂದು ತೋರಿಸಬೇಕಾದ ಕಡೆ ಆಯೋಗದವರ ಕಿವಿಗೆ ಮೊದಲು ಬೀಳುವುದು ಮಾರಿಯ ಕೂಗಾದರೆ ಗತಿಯೇನು? ಅವರು ಶಾಲೆಯ ಕೋಣೆಯಲ್ಲಿ ಸಭೆ ಕರೆದರು. ನನಗೂ ಕರೆ ಬಂತು.

ಅಲ್ಲಿ ಅವರು ಎದ್ದು ನಿಂತು ತಾವೇ ರಚಿಸಿದ ವಾಕ್ಯವನ್ನು ಓದಿದರು: "ಸಾರ್ವಜನಿಕರ ಗಮನಕ್ಕೆ. ಶಿಲಾಸ್ಫೋಟನ ಕಾರ್ಯವು ಪ್ರಾರಂಭವಾಗಲಿರುವುದರಿಂದ ಮಾರ್ಗಸ್ಥರೆಲ್ಲರೂ ಸುರಕ್ಷಿತ ಸ್ಥಾನಗಳಿಗೆ ತೆರಳಬೇಕಾಗಿ ವಿನಂತಿ."

ಚಪ್ಪಾಳೆ ಬಿತ್ತು. ನಾನು ಕೇಳಿದೆ, "ಕನ್ನಡವೇ ಆಗಬೇಕಾದರೆ 'ಓಡಿ' ಅಂದರೆ ಸಾಲದೇ?"

ಗುರುವಪ್ಪನವರು ಕನ್ನಡಕ ತೆಗೆದು ನನ್ನನ್ನು ನೋಡಿದರು. "ಓವರ್ಸಿಯರೇ, ಸರ್ಕಾರ ತನ್ನ ಪ್ರಜೆಗಳಿಗೆ ಓಡಿ ಅನ್ನುತ್ತದೆಯೇ? ಭಾಷೆಗೆ ಒಂದು ಘನತೆ ಬೇಡವೇ?"

ಹಿಂದಿನ ಬೆಂಚಿನಿಂದ ನಾಣಯ್ಯನವರು ನಕ್ಕರು. ರಸ್ತೆಯ ಪಕ್ಕದ ಎಸ್ಟೇಟು ಅವರದು. ಕೊಡಗು ಬೇರೆಯೇ ಉಳಿಯಬೇಕು ಎನ್ನುವ ಕಡೆಯವರು. "ನಿನ್ನ ವಿನಂತಿ ಮುಗಿಯುವಷ್ಟರಲ್ಲಿ ಕಲ್ಲು ತಲೆ ಮೇಲೆ ಬೀಳ್ತದೆ ಮಾರಾಯ," ಎಂದರು.

ಒಬ್ಬರಿಗಾದರೂ ಬುದ್ಧಿ ಇದೆಯಲ್ಲ ಎಂದುಕೊಂಡೆ. ನಾಣಯ್ಯನವರು ಮುಂದುವರಿಸಿದರು, "ಅದಕ್ಕೇ ಹೇಳುವುದು, ಮೊದಲು ಕೊಡವ ತಕ್ಕಿನಲ್ಲಿ ಕೂಗಲಿ. ಆಮೇಲೆ ಬೇಕಾದರೆ ನಿಮ್ಮ ಕನ್ನಡ. ನಾಡು ಯಾರದ್ದು?"

ಮೊದಲು ಯಾವುದು, ಆಮೇಲೆ ಯಾವುದು ಎಂದು ಸಂಜೆಯವರೆಗೆ ಜಗಳವಾಡಿದರು. ಆ ರಸ್ತೆಯಲ್ಲಿ ದಿನಾ ನಡೆಯುವವರಲ್ಲಿ ಅರ್ಧಕ್ಕಿಂತ ಹೆಚ್ಚು ಜನರ ಮನೆಮಾತು ಇವೆರಡೂ ಅಲ್ಲ ಎಂದು ನಾನು ಒಮ್ಮೆ ಹೇಳಿದೆ. ಅದನ್ನು ಎರಡೂ ಕಡೆಯವರು ಕೇಳಿಸಿಕೊಳ್ಳಲಿಲ್ಲ. ಅವರು ಒಂದಾದ ವಿಷಯ ಅದೊಂದೇ. ಕೊನೆಗೆ ಸದ್ಯಕ್ಕೆ ಕನ್ನಡ, ಕೊಡವ ತಕ್ಕಿನ ವಿಚಾರ ಮುಂದಿನ ಸಭೆಗೆ ಎಂದಾಯಿತು.

ಸಮಿತಿಯ ಮಾತಿಗೆ ಕಾನೂನಿನ ಬಲವೇನೂ ಇರಲಿಲ್ಲ. ಕೆಂಪಣ್ಣನಿಗೆ ಮುಂದಿನ ಮೂರು ಮೈಲಿಯ ಕೆಲಸವೂ ಬೇಕಿತ್ತು, ಗುರುವಪ್ಪನವರ ಷಡ್ಡಕ ಮಡಿಕೇರಿಯಲ್ಲಿ ಕಂಟ್ರಾಕ್ಟು ಕೊಡುವ ದೊಡ್ಡವರ ಪಕ್ಕದಲ್ಲಿದ್ದ. ಅಷ್ಟು ಸಾಕಾಯಿತು. ಕೆಂಪಣ್ಣ ಮಾರಿಯನ್ನು ಕರೆದು ನನ್ನ ಎದುರಿಗೇ ಹೇಳಿದ:

"ನೋಡ್ಲಾ ಮಾರಿ, ಮಂಗಳವಾರ ಆ ವಕೀಲಪ್ಪನೇ ಬತ್ತಾನೆ ಕೇಳಕ್ಕೆ. ಅದೇನು ಬರ್ಕೊಟ್ಟವ್ರೋ ಅಷ್ಟೇ ಹೇಳು. ನಿನ್ನ ಹಳೇ ಕೂಗು ಬಾಯಿಂದ ಬಂತೋ, ಗಂಟುಮೂಟೆ ಕಟ್ಕಂಡು ಹೊಂಟೋಗು. ಆಮ್ಯಾಕೆ ನನ್ನ ಕಾಲಿಗೆ ಬೀಳಬ್ಯಾಡ."

"ಆಯ್ತು ಸಾಮಿ," ಎಂದ ಮಾರಿ. "ಏನು ಬೇಕಾದ್ರೂ ಕೂಗ್ತೀನಿ. ನನ್ಗೆ ಎಲ್ಲಾ ಒಂದೇ."

ಅವನಿಗೆ ಅದರಲ್ಲಿ ಬೇಸರವೂ ಇರಲಿಲ್ಲ. ವಾಕ್ಯವನ್ನು ಒಂದೇ ಭಾನುವಾರ ಬಾಯಿಪಾಠ ಮಾಡಿ, ಸಂಬಳ ಹೆಚ್ಚಾದೀತೇ ಎಂದು ನನ್ನನ್ನು ಕೇಳಿದ. ಗಡಿಯಾರ ಹಿಡಿದು ನೋಡಿದೆ. ಅವನ ಬಾಯಲ್ಲಿ ಒಂದು ಸಲಕ್ಕೆ ಇಪ್ಪತ್ತೆರಡು ಸೆಕೆಂಡು. ಹಳೆಯ ಕೂಗಿಗೆ ಎರಡು ಸೆಕೆಂಡೂ ಬೇಕಿರಲಿಲ್ಲ. ಹಾಗಾಗಿ ನಾಲ್ಕು ಅಡಿಯ ಬತ್ತಿಯನ್ನು ಆರೂವರೆ ಅಡಿ ಮಾಡಿಸಿದೆ. ಭಾಷೆಯ ಘನತೆಗೆಂದು ಸರ್ಕಾರ ಹೀಗೆ ಎರಡೂವರೆ ಅಡಿ ಬತ್ತಿ ಸುಟ್ಟಿತು.

ಮಂಗಳವಾರ ಗುರುವಪ್ಪನವರು ಬಿಳಿ ಪ್ಯಾಂಟು, ಕಪ್ಪು ಕೋಟು, ಬೂಟು ತೊಟ್ಟು ಬಂದರು. ನಾಣಯ್ಯನವರು ತಮಾಷೆ ನೋಡಲು ಜೀಪು ತಂದು ದೂರದಲ್ಲಿ ನಿಲ್ಲಿಸಿಕೊಂಡರು. ರಸ್ತೆಯ ಎರಡು ತುದಿಯಲ್ಲೂ ಕೆಂಪು ಬಾವುಟ ಹಿಡಿದವರು ಗಾಡಿಗಳನ್ನು ತಡೆದಿದ್ದರು. ಆದರೆ ನಡುವೆ ಎಸ್ಟೇಟಿನ ಲೈನುಗಳಿಂದ ಬರುವ ಕಾಲುದಾರಿ ಬಂಡೆಗೆ ಹತ್ತಿರದಲ್ಲೇ ರಸ್ತೆಗೆ ಸೇರುತ್ತದೆ. ಅಲ್ಲಿಗೆ ಬಾವುಟ ಕಾಣಿಸುವುದಿಲ್ಲ. ಕೂಗು ಇರುವುದೇ ಆ ದಾರಿಯಲ್ಲಿ ಬರುವವರಿಗಾಗಿ.

"ನೀವು ತಿರುವಿನ ಆಚೆ, ಮಾರಿಯ ಹಿಂದೆ ನಿಲ್ಲಬೇಕು," ಎಂದು ಗುರುವಪ್ಪನವರಿಗೆ ಹೇಳಿದೆ.

"ಹಿಂದೆ ನಿಂತರೆ ಧ್ವನಿ ಪರೀಕ್ಷಿಸುವುದು ಹೇಗ್ರೀ? ಭಾಷಣವನ್ನು ಎದುರಿನಿಂದ ಕೇಳಬೇಕು." ಅವರು ಬಂಡೆಗೆ ಬೆನ್ನು ಮಾಡಿ, ಮಾರಿ ನಿಲ್ಲುವ ತಿರುವಿಗೆ ಎದುರಾಗಿ ರಸ್ತೆಯ ನಡುವೆ ನಿಂತರು. ನಾನು ಕೈ ಹಿಡಿದು ಎಳೆದೆ. ಕೈ ಕೊಡವಿಕೊಂಡರು. ಬತ್ತಿ ಉದ್ದವಿದೆ, ಮೂರನೆಯ ಸಲದ ಕೂಗು ಮುಗಿದ ಕೂಡಲೆ ಬರುತ್ತೇನೆ ಎಂದು ಒಪ್ಪಿದರು. ನಾನು ರಸ್ತೆಯ ಆಚೆ ಬದಿಯ ಮರೆಗೆ ಹೋಗಿ ಗಡಿಯಾರ ತೆಗೆದೆ.

ಮಾರಿ ಬತ್ತಿ ಹತ್ತಿಸಿ ಓಡಿ ಬಂದು ತಿರುವಿನಲ್ಲಿ ನಿಂತು ಶುರು ಮಾಡಿದ. ಒಳ್ಳೆಯ ಗಂಟಲು. "ಸಾರ್ವಜನಿಕರ ಗಮನಕ್ಕೆ..."

ಊಟದ ಹೊತ್ತು. ಲೈನಿನ ಹೆಂಗಸರು ಕಾಲುದಾರಿಯಿಂದ ರಸ್ತೆಗೆ ಇಳಿಯುತ್ತಿದ್ದರು. ಅವರು ನಿಂತರು. ಎರಡು ವರ್ಷದ ಹಿಂದೆ ಓಟಿನ ಸಮಯದಲ್ಲಿ ಹೀಗೆಯೇ ಯಾರೋ ರಸ್ತೆಯಲ್ಲಿ ನಿಂತು, ತಿಳಿಯದ ಮಾತುಗಳಲ್ಲಿ, ಇಷ್ಟೇ ಗಟ್ಟಿಯಾಗಿ ಮಾತಾಡಿದ್ದರು. ಆಮೇಲೆ ಬೀಡಿ, ಬೆಲ್ಲ ಹಂಚಿದ್ದರು. ಅವರಲ್ಲಿ ಹಿರಿಯಳಾದ ಕಾಮಾಕ್ಷಮ್ಮ ಹಿಂದೆ ತಿರುಗಿ ಕೈ ಬೀಸಿ ಉಳಿದವರನ್ನು ಕರೆದಳು. "ಬನ್ನಿ ಬನ್ನಿ, ಮೀಟಿಂಗು!"

ಎರಡನೆಯ ಸಲ ಮುಗಿಯುವಾಗ ಗುರುವಪ್ಪನವರ ಸುತ್ತ ಇಪ್ಪತ್ತು ಮೂವತ್ತು ಜನ ಸೇರಿದ್ದರು. ಎಲ್ಲರ ಬೆನ್ನೂ ಬಂಡೆಯ ಕಡೆಗೆ. ಗುರುವಪ್ಪನವರ ಮುಖದಲ್ಲಿ ಅಂಥ ಸಂತೋಷವನ್ನು ನಾನು ಮತ್ತೆ ಕಂಡಿಲ್ಲ. ಒಂದು ಕೂಗಿಗೆ ಇಷ್ಟು ಜನ ಓಡಿ ಬಂದು ಕನ್ನಡ ಕೇಳುತ್ತಿದ್ದಾರೆ! ಮೂರನೆಯ ಸಲ ಮುಗಿಯಿತು. ಅವರು ನನ್ನ ಕಡೆಗೆ ಬರಲಿಲ್ಲ. ಜನರ ಕಡೆಗೆ ತಿರುಗಿ ವಾಕ್ಯದ ಅರ್ಥ ವಿವರಿಸತೊಡಗಿದರು.

"ಮಾರ್ಗಸ್ಥರು ಅಂದರೆ ಯಾರು? ನೀವೇ!"

"ಸಕ್ಕರೆ ಕೊಡ್ತೀಯಾ ಸಾಮಿ?" ಎಂದಳು ಕಾಮಾಕ್ಷಮ್ಮ.

ಗಡಿಯಾರದ ಪ್ರಕಾರ ಇನ್ನು ಒಂದು ನಿಮಿಷವೂ ಇರಲಿಲ್ಲ. "ಮರೆಗೆ ಹೋಗಿ! ಬತ್ತಿ ಹತ್ತಿಕೊಂಡಿದೆ!" ಎಂದು ನಾನು ಮರೆಯಿಂದ ಎದ್ದು ಅರಚಿದೆ. ಗುರುವಪ್ಪನವರು ನನ್ನ ಕಡೆ ನೋಡದೆಯೇ ಅಂಗೈ ಎತ್ತಿದರು. ಸಭೆಯಲ್ಲಿ ಗದ್ದಲ ಮಾಡುವವನನ್ನು ಅಧ್ಯಕ್ಷರು ಸುಮ್ಮನಿರಿಸುವ ಹಾಗೆ. ನನ್ನ ಕಡೆ ನೋಡುತ್ತಿದ್ದ ಹೆಂಗಸರೂ ಅವರ ಕಡೆ ತಿರುಗಿದರು.

ಮಾರಿ ತಿರುವಿನಲ್ಲಿ ನಿಂತೇ ಇದ್ದ. ಅವನ ಪಕ್ಕದಲ್ಲಿ ಕೆಂಪಣ್ಣ. ಮಾರಿ ಒಮ್ಮೆ ಕೆಂಪಣ್ಣನ ಮುಖ ನೋಡಿದ, ಒಮ್ಮೆ ಜನರನ್ನು ನೋಡಿದ. ಆಮೇಲೆ ತಲೆ ಹಿಂದಕ್ಕೆ ಹಾಕಿ ಕೂಗಿದ.

"ವೆಡೀ!"

ಎರಡನೆಯ ಸಲ ಬೇಕಾಗಲಿಲ್ಲ. ರಸ್ತೆ ಖಾಲಿಯಾಯಿತು. ಕಾಮಾಕ್ಷಮ್ಮ ಒಬ್ಬಳ ಮಗುವನ್ನು ಕಂಕುಳಿಗೆ ಸಿಕ್ಕಿಸಿಕೊಂಡು ಓಡಿದಳು. ಅವಳ ಮುಂದೆ, ಎಲ್ಲರಿಗಿಂತ ಮುಂದೆ, ಗುರುವಪ್ಪನವರು. ಅವರು ನೆಗೆದು ಚರಂಡಿಗೆ ಬಿದ್ದರು. ಬೀಳುವಾಗ ಅವರ ಬಾಯಿಂದ ಬಂದದ್ದು, "ಅಯ್ಯೊ ಅವ್ವಾ, ಎಂಥ ಆತ್!" ಅದು ಅವರ ಮನೆಯ ಅರೆಭಾಷೆ. ಸಭೆಗಳಲ್ಲಿ ಅವರು ಅದನ್ನು ಒಂದು ದಿನವೂ ಆಡಿದವರಲ್ಲ.

ಬಂಡೆ ಸಿಡಿಯಿತು. ಧೂಳು ಇಳಿದ ಮೇಲೆ ಜನರನ್ನು ನೋಡಿಕೊಂಡು ಬಂದೆ. ಯಾರಿಗೂ ಏನೂ ಆಗಿರಲಿಲ್ಲ. ಗುರುವಪ್ಪನವರು ಚರಂಡಿಯಿಂದ ಎದ್ದು, ಮೊಣಕಾಲಿನ ಕೆಸರು ಒರೆಸಿಕೊಂಡು, ಮೊದಲು ಕೇಳಿದ್ದು ಇದು:

"ಆ ಶಬ್ದ ಕೂಗಿದವನು ಯಾರು?"

"ನಿಮ್ಮನ್ನು ಉಳಿಸಿದವನು," ಎಂದೆ.

"ನನ್ನ ಭಾಷಣ ಪೂರ್ತಿಯಾಗಿರಲಿಲ್ಲ. ಜನ ಕೇಳುತ್ತಿದ್ದರು. ಇನ್ನೆರಡು ಮಾತು ಹೇಳಿ ನಾನೇ ಅವರನ್ನು ಕಳಿಸುತ್ತಿದ್ದೆ. ಇವನು ಬೇಕೆಂದೇ ಕೆಡಿಸಿದ. ಇದರ ಹಿಂದೆ ಯಾರಿದ್ದಾರೆಂದು ನನಗೆ ಗೊತ್ತು." ಅವರು ಜೀಪಿನ ಕಡೆ ನೋಡಿದರು.

ನಾಣಯ್ಯನವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅವರಾದರೂ ಮಾರಿಯ ಪರವಾಗಿ ಒಂದು ಮಾತು ಹೇಳಲಿ ಎಂದು ಹತ್ತಿರ ಹೋಗಿ ಕೇಳಿದೆ.

"ಅವನನ್ನು ಇಟ್ಟುಕೊಳ್ಳುವುದು ಬಿಡುವುದು ಕೆಂಪಣ್ಣನ ಇಷ್ಟ," ಎಂದರು ಕಣ್ಣೊರೆಸಿಕೊಂಡು. "ನನಗೆ ಬೇಕಾದ್ದು ಆಯಿತು. ಮುಂದಿನ ಸಭೆಯಲ್ಲಿ ಹೇಳ್ತೇನೆ, ಕನ್ನಡಕ್ಕೆ ಒಬ್ಬನೂ ಓಡಲಿಲ್ಲ. ಇನ್ನು ಕೊಡವ ತಕ್ಕೇ ಆಗಬೇಕು."

"ಅವರು ಓಡಿದ್ದು ತಮಿಳಿಗೆ."

"ಅದು ಬೇರೆ ವಿಷಯ ಮಾರಾಯ."

ಕೆಂಪಣ್ಣನ ಹತ್ತಿರ ಹೋದೆ. ಅವನು ನನ್ನ ಕಣ್ಣು ತಪ್ಪಿಸಿ ಮಾರಿಗೆ ಹೇಳಿದ, "ನಾನು ಮೊದ್ಲೇ ಹೇಳಿದ್ದೆ ಕಣ್ಲಾ. ಸಾಯಂಕಾಲಕ್ಕೆ ಗುಡಿಸಲು ಖಾಲಿ ಮಾಡು."

"ಆಯಪ್ಪ ನಿಂತೇ ಇದ್ರು ಸಾಮಿ," ಎಂದ ಮಾರಿ. "ಲೈನಿನ ಪೊಂಬಳೆಗಳೂ ನಿಂತಿದ್ರು. ಏನು ಮಾಡ್ಲಿ?"

"ಅದೆಲ್ಲ ನಂಗೊತ್ತಿಲ್ಲ. ನನ್ ಕೆಲ್ಸ ನಾನು ನೋಡ್ಕಬ್ಯಾಡ್ವಾ?"

ಗುರುವಪ್ಪನವರು ನಿಂತಿದ್ದ ಕಡೆ ಒಂದು ಕಲ್ಲು ಬಿದ್ದಿತ್ತು. ನಾನು ಅವರನ್ನೂ ಕೆಂಪಣ್ಣನನ್ನೂ ಅಲ್ಲಿಗೆ ಕರೆದುಕೊಂಡು ಹೋದೆ. ಅವರು ನಿಂತ ಜಾಗಕ್ಕೂ ಕಲ್ಲಿಗೂ ಎಷ್ಟು ದೂರವೆಂದು ಅಳೆದು ತೋರಿಸೋಣವೆಂದು ಟೇಪು ಹಿಡಿದಿದ್ದೆ. ಒಬ್ಬ ಆಳು ಕಲ್ಲನ್ನು ಮಗುಚಿದ. ಅದರ ಅಡಿಯಲ್ಲಿ, ಮೆತ್ತಗಿನ ಕೆಂಪು ಮಣ್ಣಿನಲ್ಲಿ, ಬೂಟಿನ ಹಿಮ್ಮಡಿಯ ಗುರುತಿತ್ತು. ಕಲ್ಲು ಅರ್ಧವನ್ನು ಅಳಿಸಿತ್ತು, ಇನ್ನರ್ಧ ಸ್ಪಷ್ಟವಾಗಿತ್ತು. ಆ ದಿನ ಆ ರಸ್ತೆಯಲ್ಲಿ ಬೂಟು ಹಾಕಿದ್ದವರು ಮೂವರು. ನನ್ನ ಬೂಟಿನ ಹಿಮ್ಮಡಿಗೆ ಲಾಳ ಹೊಡೆಸಿತ್ತು, ಈ ಗುರುತಿನಲ್ಲಿ ಅದಿರಲಿಲ್ಲ. ನಾಣಯ್ಯನವರು ಜೀಪಿನಿಂದ ಇಳಿದಿರಲಿಲ್ಲ.

ಗುರುವಪ್ಪನವರು ಬಗ್ಗಿ ನೋಡಿದರು. ಅವರ ಮುಖ ಒಂದು ಕ್ಷಣ ಬಿಳಿಚಿಕೊಂಡಿತು. ಆಮೇಲೆ ಸರಿಯಾಯಿತು.

"ಈ ಗುರುತು ಯಾರದು ಬೇಕಾದರೂ ಆಗಿರಬಹುದು," ಎಂದರು. "ನ್ಯಾಯಾಲಯದಲ್ಲಿ ಇದು ನಿಲ್ಲುವುದಿಲ್ಲ." ಕಾಲಿನಿಂದ ಮಣ್ಣು ಸರಿಸಿ ಅದನ್ನು ಮುಚ್ಚಿ, ತಮ್ಮ ಕಾರು ಹತ್ತಿದರು.

ಅನುಭವವಿರುವ ಕೂಗುವವನಿಲ್ಲದೆ ಬಂಡೆ ಸಿಡಿಸಲು ಬಿಡುವುದಿಲ್ಲ ಎಂದು ಕೆಂಪಣ್ಣನಿಗೆ ಹೇಳಿದೆ. ನಾಳೆಯೇ ಇನ್ನೊಬ್ಬನನ್ನು ತರುತ್ತೇನೆ, ಚೆನ್ನಾಗಿ ಓದು ಬಲ್ಲವನು ಎಂದ. ಮೇಲಿನವರಿಗೆ ತಿಳಿಸಿದೆ. ಸಮಿತಿಯ ಜೊತೆ ಹೊಂದಿಕೊಂಡು ಹೋಗಿ ಎಂದು ಅವರು ನನಗೇ ಬುದ್ಧಿ ಹೇಳಿದರು. ಮಾರಿ ಅಂದೇ ಸಂಜೆ ಪಾತ್ರೆ ಚಾಪೆಗಳ ಜೊತೆ ಹೆಂಡತಿಯನ್ನು ಹುಣಸೂರಿನ ಲಾರಿಗೆ ಹತ್ತಿಸಿ ತಾನೂ ಹತ್ತಿದ. ಹೋಗುವಾಗ ನನಗೆ ಕೈ ಮುಗಿದ. ಲಾರಿ ಹೊರಟಿತು. ಆಯೋಗದ ಕಾರು ಆ ರಸ್ತೆಯಲ್ಲಿ ಬರಲೇ ಇಲ್ಲ.

ಆ ಮಂಗಳವಾರ, ಕಲ್ಲಿಗೂ ಹಿಮ್ಮಡಿಯ ಗುರುತಿಗೂ ನಡುವೆ ಅಳೆಯಲು ದೂರವೇ ಇಲ್ಲದ್ದರಿಂದ, ಟೇಪು ಸುತ್ತಿಟ್ಟೆ. ಆ ಕಲ್ಲನ್ನು ಹೊರಿಸಿಕೊಂಡು ಹೋಗಿ ಎಸ್ಟೇಟಿನ ಕಾಫಿ ತೂಗುವ ತಕ್ಕಡಿಯಲ್ಲಿಟ್ಟು ತೂಗಿಸಿದೆ. ಮೂವತ್ತೇಳು ಪೌಂಡು.