ಸೌಟು ಹಿಡಿದ ಫೋಟೋ

ಒಂದು ಕೈಯಲ್ಲಿ ಸೌಟು, ಇನ್ನೊಂದರಲ್ಲಿ ಲ್ಯಾಪ್‌ಟಾಪ್. ಆಧುನಿಕ ಮಹಿಳೆ ಅಂದರೆ ಹೀಗೇ ಇರಬೇಕಂತೆ! ಹೇಳಿದವಳು ಮಹಿಳಾ ಪತ್ರಿಕೆಯ ವರದಿಗಾರ್ತಿ, ಹೂಂಗುಟ್ಟಿದ್ದು ಅತ್ತೆ. ಒಲೆಯ ಮೇಲಿದ್ದದ್ದು ಖಾಲಿ ಪಾತ್ರೆ. ಅದರಲ್ಲಿ ಸೌಟಾಡಿಸುತ್ತಾ ಸೊಸೆ ಫೋಟೋಗೆ ಹಲ್ಲು ಕಿರಿಯಬೇಕು. ಥೂ, ಇದೆಂಥ ಕರ್ಮವಪ್ಪಾ ಎಂದು ಅವಳು ಒಳಗೊಳಗೇ ಉಗಿದಳು.

ಅವಳ ಜೀವವೆಲ್ಲ ಫೋನಿನ ಮೇಲಿತ್ತು. ಆಸ್ಪತ್ರೆಯಲ್ಲಿ ರಕ್ತ ಪರೀಕ್ಷೆ ಮಾಡುವ ಲ್ಯಾಬಿನಲ್ಲಿ ಅವಳಿಗೆ ಕೆಲಸ. ಅದರ ಮುಖ್ಯಸ್ಥೆಯಾಗಲು ವರ್ಷಗಟ್ಟಲೆ ಬೆವರು ಸುರಿಸಿದ್ದಳು. ಆ ಹುದ್ದೆಯ ಬಗ್ಗೆ ಇವತ್ತೋ ನಾಳೆಯೋ ಮೇಲಧಿಕಾರಿಯ ಕರೆ ಬರಬೇಕಿತ್ತು.

ಅತ್ತೆ ಕುರ್ಚಿಯಲ್ಲಿ ಕೂತು ತುತ್ತೂರಿ ಊದುತ್ತಿದ್ದರು. “ನಮ್ಮನೇಲಿ ಸೊಸೆ, ಮಗಳು ಅಂತ ಭೇದ ಇಲ್ಲಮ್ಮ. ಪೂರ್ತಿ ಸ್ವಾತಂತ್ರ್ಯ ಕೊಟ್ಟಿದ್ದೀವಿ.”

ಕೊಟ್ಟಿದ್ದಾರಂತೆ! ಇವರ ಬೀರುವಿನಲ್ಲಿ ಬೀಗ ಹಾಕಿಟ್ಟ ಒಡವೆ ನೋಡಿ, ಬೇಕಾದಾಗ ತೆಗೆದು ಕೊಡುವುದಕ್ಕೆ.

“ಮೊನ್ನೆ ಮೊನ್ನೆ ದೊಡ್ಡ ಹುದ್ದೆ ಮನೆ ಬಾಗಿಲಿಗೇ ಬಂತು. ಮನೆ ನೋಡ್ಕೊಳ್ಳೋರು ಯಾರು ಅಂತ ತಾನೇ ಬೇಡ ಅಂದ್ಬಿಟ್ಲು. ಎಷ್ಟು ಓದಿದ್ರೂ ಸಂಪ್ರದಾಯ ಬಿಡ್ಲಿಲ್ಲ ನೋಡಿ!”

ಸೌಟು ನಿಂತಿತು. “ಯಾರು ಬೇಡ ಅಂದಿದ್ದು?”

ಬಾಗಿಲ ಬಳಿ ನಿಂತಿದ್ದ ಗಂಡ ಕತ್ತು ಕೆರೆದುಕೊಂಡ. “ಮೊನ್ನೆ ನೀನು ಸ್ನಾನಕ್ಕೆ ಹೋಗಿದ್ದಾಗ ಫೋನ್ ಬಂತು. ನಾನೇ ಹೇಳ್ದೆ. ನಿನಗೇ ಕಷ್ಟ ಆಗಬಾರ್ದು ಅಂತ ಕಣೇ.”

ಆ ಮನೆಯ ಪದ್ಧತಿಯೇ ಅದು. ಅವಳ ಫೋನು ಬಡಿದುಕೊಂಡರೆ ಹತ್ತಿರ ಇದ್ದವರು ಎತ್ತಿ ಮಾತಾಡುವುದು. ಅವನದು ಬಡಿದುಕೊಂಡರೆ ಅವಳು ಕೆಲಸ ಬಿಟ್ಟು ಓಡಿಹೋಗಿ ಅವನ ಕೈಗೆ ಕೊಡುವುದು. ಇಷ್ಟು ದಿನ ಓಡಿದ್ದಕ್ಕೆ ಅವಳಿಗೆ ತನ್ನ ಮೇಲೂ ಹೇಸಿಗೆಯಾಯಿತು. ಎದುರಿಗಿದ್ದ ಈ ಮನುಷ್ಯನ ಮೇಲಂತೂ ಸಿಟ್ಟು ಕೂಡ ದಂಡ ಅನಿಸಿತು.

ಎಲ್ಲರೆದುರೇ ಮೇಲಧಿಕಾರಿಗೆ ಫೋನ್ ಹಚ್ಚಿದಳು. “ಮೇಡಂ, ಮೊನ್ನೆ ಬೇಡ ಅಂದಿದ್ದು ನಮ್ಮ ಯಜಮಾನ್ರು. ಅವರಿಗೆ ಹುದ್ದೆ ಬೇಡ್ವಂತೆ, ಬಿಡಿ. ನನಗೆ ಬೇಕು.”

ಆ ಕಡೆಯಿಂದ ನಗು ಕೇಳಿಸಿತು. “ಅಯ್ಯೋ, ಸದ್ಯ! ಇನ್ನೂ ಯಾರಿಗೂ ಕೊಟ್ಟಿಲ್ಲ. ನಾಳೆಯಿಂದಾನೇ ಬಂದು ಕೂತ್ಕೊಳ್ಳಿ.”

ಅತ್ತೆಯ ಮುಖ ಹುಳ್ಳಗಾಯಿತು. “ಇದೆಲ್ಲ ಬರೀಬೇಡಮ್ಮ” ಎಂದು ವರದಿಗಾರ್ತಿಯ ಕೈ ಹಿಡಿದುಕೊಂಡರು.

ಅಷ್ಟರಲ್ಲಿ ಕೋಣೆಯೊಳಗೆ ಗಂಡನ ಫೋನು ಬಡಿದುಕೊಳ್ಳತೊಡಗಿತು. ಅವನು ರೂಢಿಯಂತೆ ಹೆಂಡತಿಯ ಮುಖ ನೋಡಿದ.

“ಎತ್ಲಾ?” ಎಂದಳು ಅವಳು. “ಎತ್ತಿ, ನಿಮ್ಮ ಪರವಾಗಿ ಬೇಡ ಅಂತ ಹೇಳಿಬಿಡ್ಲಾ?”

ಅವನು ಬಿದ್ದಂಬೀಳ ಓಡಿದ.