ಕೂಗು ನಿಲ್ಲಿಸಿದ ಮ್ಯಾನೇಜರಮ್ಮ

ಸರೋವರದ ಹಕ್ಕಿಗಳನ್ನು ನೋಡಲು ಬರುವ ಪ್ರವಾಸಿಗರ ಜವಾಬ್ದಾರಿಯೆಲ್ಲ ಮ್ಯಾನೇಜರಮ್ಮನ ತಲೆಯ ಮೇಲೆ. ಅದೇ ದಡದಲ್ಲಿ ಹುಟ್ಟಿದವಳು, ದೋಣಿ ನಡೆಸುವವನ ತಂಗಿ. ನಮ್ಮವಳೇ ಮೇಲೆ ಕೂತರೆ ನಮಗೇ ಒಳ್ಳೆಯದು ಅಂತ ಊರವರೆಲ್ಲ ಸೇರಿ ಒಪ್ಪಿಸಿದ ಕೆಲಸ ಅದು. ಪಾಪ, ಆಕೆಯೂ ಹಾಗೇ ನಂಬಿದ್ದಳು.

ಮೊದಲೆಲ್ಲ ಸಂಜೆ ದಡ ಹತ್ತಿರವಾಗುತ್ತಲೇ ದೋಣಿಯವರು ಗಂಟಲು ಹರಿಯುವಂತೆ ಕೂಗುತ್ತಿದ್ದರು. ಒಬ್ಬೊಬ್ಬರದು ಒಂದೊಂದು ಕೂಗು. ಅಣ್ಣನದು ಕೋಣ ಕೆಮ್ಮಿದ ಹಾಗೆ ಅಂತ ಅತ್ತಿಗೆಯೇ ಆಡಿಕೊಳ್ಳುತ್ತಿದ್ದಳು. ಅದು ಕಿವಿಗೆ ಬಿದ್ದ ಮೇಲೆಯೇ ಮನೆಯಲ್ಲಿ ಒಲೆಗೆ ಪಾತ್ರೆ ಏರುತ್ತಿತ್ತು. ಈ ಗಲಾಟೆಗೆ ಹಕ್ಕಿಗಳು ಬೆಚ್ಚುತ್ತವೆ ಎಂದು ಪ್ರವಾಸಿಗರು ದೂರು ಕೊಟ್ಟರು. ಮ್ಯಾನೇಜರಮ್ಮ ಹಿಂದೆಮುಂದೆ ನೋಡದೆ ಕೂಗು ನಿಲ್ಲಿಸಿಬಿಟ್ಟಳು. ಅಷ್ಟು ವರ್ಷ ಹಕ್ಕಿಗಳು ಆ ಕೂಗಿನ ನಡುವೆಯೇ ಮರಿ ಮಾಡಿದ್ದು ಆಕೆಗೆ ಹೊಳೆಯಲೇ ಇಲ್ಲ.

ಸಭೆ ಸೇರಿದಾಗಲೆಲ್ಲ "ಏನಾದ್ರೂ ತೊಂದರೆ ಇದ್ರೆ ಹೇಳಿ" ಅನ್ನುತ್ತಿದ್ದಳು. ದೋಣಿಯವರು "ಏನಿಲ್ಲ, ಎಲ್ಲ ಚೆನ್ನಾಗಿದೆ" ಎಂದು ಟೀ ಕುಡಿದು, ಬಿಸ್ಕತ್ತು ತಿಂದು ಎದ್ದು ಹೋಗುತ್ತಿದ್ದರು. ಆಕೆ ದಡಕ್ಕೆ ಬಂದರೆ ಅಲ್ಲಿನ ನಗು ತಟ್ಟನೆ ನಿಲ್ಲುತ್ತಿತ್ತು. ಹುಟ್ಟಿದ ಊರಿನಲ್ಲೇ ಹೀಗೆ ಒಂಟಿಯಾಗುತ್ತೇನೆ ಅಂತ ಆಕೆ ಎಣಿಸಿರಲಿಲ್ಲ.

ಒಂದು ಸಂಜೆ ಜೋರು ಗಾಳಿ ಎದ್ದಿತು. ಆಫೀಸಿನ ಕಿಟಕಿಯಿಂದ ನೋಡಿದರೆ ಅಣ್ಣ ದೋಣಿ ಕಟ್ಟುವ ಗೂಟ ಖಾಲಿ. ಫೋನ್ ಮಾಡಿದರೆ ಎತ್ತಲಿಲ್ಲ. ಅಣ್ಣನ ಮನೆಗೆ ಓಡಿದಳು.

ಅತ್ತಿಗೆ ಆರಾಮಾಗಿ ತರಕಾರಿ ಹೆಚ್ಚುತ್ತಿದ್ದಳು.

"ಅತ್ತಿಗೆ, ಅಣ್ಣ ಇನ್ನೂ ಬಂದಿಲ್ಲ."

"ಆಚೆ ದಡದಲ್ಲಿ ದೋಣಿ ಕಟ್ಟಿದ್ದಾರೆ ಕಣೆ. ಗಾಳಿ ನಿಂತ ಮೇಲೆ ಬರ್ತಾರಂತೆ."

"ನಿಮಗೆ ಹೇಗೆ ಗೊತ್ತಾಯ್ತು?"

ಅತ್ತಿಗೆ ಕೈ ಒರೆಸಿಕೊಂಡು ಫೋನ್ ತೋರಿಸಿದಳು. ದೋಣಿಯವರ ಮನೆಗಳದೇ ಒಂದು ವಾಟ್ಸಾಪ್ ಗ್ರೂಪ್. ದಡ ಮುಟ್ಟಿದವರೆಲ್ಲ ಅದರಲ್ಲಿ ಹೇಳುತ್ತಿದ್ದರು. ಕೂಗು ನಿಂತ ವಾರವೇ ಶುರುವಾದದ್ದಂತೆ. ಅಣ್ಣ ಕ್ಷೇಮವಾಗಿರುವುದು ಮ್ಯಾನೇಜರಮ್ಮನೊಬ್ಬಳನ್ನು ಬಿಟ್ಟು ಎಲ್ಲರಿಗೂ ಗೊತ್ತಿತ್ತು.

"ನಾಳೆಯಿಂದ ಎಲ್ಲರೂ ಮೊದಲಿನ ಹಾಗೆ ಕೂಗ್ಲಿ, ಅತ್ತಿಗೆ."

"ಆರ್ಡರ್ ಹಾಕಿ ಕೂಗಿಸ್ತೀಯಾ?" ಅತ್ತಿಗೆ ನಕ್ಕಳು. ಆ ನಗುವಿನಲ್ಲಿ ಕೋಪವಿರಲಿಲ್ಲ.

"ಹಾಗಾದ್ರೆ ನನ್ನನ್ನೂ ಗ್ರೂಪಿಗೆ ಸೇರಿಸಿ."

ಅತ್ತಿಗೆ ಮತ್ತೆ ತರಕಾರಿಯತ್ತ ತಿರುಗಿದಳು. "ಅದರಲ್ಲಿ ಆಫೀಸಿನ ಬಗ್ಗೆ, ನಿನ್ನ ಬಗ್ಗೆ ಬಾಯಿಗೆ ಬಂದ ಹಾಗೆ ಮಾತಾಡ್ತಾರೆ ಕಣೆ. ನೀನು ಬಂದ್ರೆ ಯಾರೂ ಬಾಯಿ ಬಿಡಲ್ಲ. ಆಮೇಲೆ ದಡ ಮುಟ್ಟಿದ್ದನ್ನೂ ಹೇಳಲ್ಲ."

ಅಣ್ಣ ಬರುವವರೆಗೆ ಅಲ್ಲೇ ಕೂತಿರಬೇಕು ಅಂತ ಆಕೆಗೆ ತುಂಬ ಆಸೆಯಾಯಿತು. ಆದರೆ ಅತ್ತಿಗೆ ಆಗಲೇ ಫೋನನ್ನು ಮಗುಚಿ ಇಟ್ಟಿದ್ದಳು. ನಾದಿನಿ ಎದುರಿಗಿದ್ದಷ್ಟು ಹೊತ್ತು ಅದು ಸದ್ದು ಮಾಡಿದರೂ ಎತ್ತಿ ನೋಡುತ್ತಿರಲಿಲ್ಲ.

"ಬೇಡ ಬಿಡಿ ಅತ್ತಿಗೆ, ಸೇರಿಸ್ಬೇಡಿ," ಎಂದು ಮ್ಯಾನೇಜರಮ್ಮ ಎದ್ದಳು.