ಧೂಪದ ಸಾಲು

"ಸಭೆಗೆ ಬಂದು ಮುಂದಿನ ಸಾಲಲ್ಲಿ ಕೂತ್ರೆ ಸಾಕು, ಅತ್ತಿಗೆ. ಮಾತಾಡದು ಎಂತದೂ ಬ್ಯಾಡ," ಎಂದ ಸಂದೇಶ.

ಶ್ರೀಗೌರಿ ಮುರುಗಲ ಹಣ್ಣು ಒಡೆಯುತ್ತ ಕೂತಿದ್ದಳು. ಬೆರಳುಗಳೆಲ್ಲ ಕೆಂಪಾಗಿದ್ದವು. ಮೈದುನ ಕುಮಟಾ ಪೇಟೆಯ ತನ್ನ ಪಂಪ್‌ಸೆಟ್ ಅಂಗಡಿಯಿಂದ ನೇರವಾಗಿ ಬಂದಿದ್ದ. ಬೆವರು ಒರೆಸಿಕೊಳ್ಳುವುದನ್ನೂ ಮರೆತು, ಹೇಳಬೇಕಾದ್ದನ್ನೆಲ್ಲ ಒಂದೇ ಉಸಿರಿಗೆ ಹೇಳಿ ಮುಗಿಸಿ, ಅವಳ ಮುಖವನ್ನೇ ನೋಡುತ್ತಿದ್ದ.

ಕಳೆದ ಮಳೆಗಾಲದಲ್ಲಿ, ಕತಗಾಲದಿಂದ ಹೊಳೆಯ ಕಡೆಗೆ ತಿರುಗುವ ರಸ್ತೆಯಲ್ಲಿ, ಧೂಪದ ಮರವೊಂದು ಉರುಳಿ ಶ್ರೀಗೌರಿಯ ಗಂಡ ಕಮಲಾಕರನ ಸ್ಕೂಟರಿನ ಮೇಲೆ ಬಿದ್ದಿತ್ತು. ಅವನು ಅಲ್ಲಿಯ ಸೊಸೈಟಿಯಲ್ಲಿ ಕಾರ್ಯದರ್ಶಿಯಾಗಿದ್ದ. ಆ ದಿನ ಹೇಳಿಕೊಳ್ಳುವಂಥ ಗಾಳಿಯೂ ಇರಲಿಲ್ಲ. ಸಣ್ಣಗೆ ಮಳೆ ಹನಿಯುತ್ತಿತ್ತು, ಅಷ್ಟೆ. ಹಸಿರು ತುಂಬಿಕೊಂಡಿದ್ದ ಮರ ನಿಂತಲ್ಲಿಂದ ಹಾಗೇ ಮಲಗಿಬಿಟ್ಟಿತ್ತು.

ಆ ರಸ್ತೆಯ ಎರಡೂ ಬದಿಗೆ ಧೂಪದ ಮರಗಳ ಸಾಲೇ ಇತ್ತು. ಯಾರು ನೆಟ್ಟದ್ದೆಂದು ಈಗಿನವರಿಗೆ ಗೊತ್ತಿಲ್ಲ. ಮತ್ತೆ ಮಳೆ ಹಿಡಿಯುವುದರೊಳಗೆ ಅಷ್ಟನ್ನೂ ಕಡಿಸಬೇಕೆಂದು ಸಂದೇಶ ಓಡಾಡುತ್ತಿದ್ದ. ರಸ್ತೆಯಂಚಿನ ಮನೆಯವರೂ ಹೆದರಿ ಅವನ ಜೊತೆ ನಿಂತಿದ್ದರು. ಪಂಚಾಯತಿಯಲ್ಲಿ ಸಭೆ ಕರೆದಿದ್ದರು, ಅರಣ್ಯ ಇಲಾಖೆಯಿಂದ ನಾಗರಾಜ ಎಂಬ ಅಧಿಕಾರಿ ಬರುವವರಿದ್ದರು. ಸತ್ತವನ ಹೆಂಡತಿ ಎದುರಿಗೆ ಕೂತಿದ್ದರೆ ಬೇಡವೆನ್ನುವ ಧೈರ್ಯ ಯಾರಿಗೂ ಆಗಲಿಕ್ಕಿಲ್ಲ ಎಂಬುದು ಸಂದೇಶನ ಲೆಕ್ಕ. ಅದನ್ನವನು ಮುಚ್ಚಿಡಲೂ ಇಲ್ಲ.

"ಆತು," ಎಂದಳು ಶ್ರೀಗೌರಿ.

ಅವಳಿಗೆ ಅದರಲ್ಲಿ ಯೋಚಿಸುವಂಥದ್ದೇನೂ ಕಾಣಲಿಲ್ಲ. ಕುಮಟಾದ ಕಾಲೇಜಿನಲ್ಲಿ ಅವಳು ಜೀವಶಾಸ್ತ್ರ ಕಲಿಸುತ್ತಿದ್ದಳು. ಕಮಲಾಕರ ಹೋದಮೇಲೆ ಗಿಡಮರಗಳ ಪಾಠವನ್ನೆಲ್ಲ ಸಹೋದ್ಯೋಗಿ ಸುಮಿತಳಿಗೆ ಒಪ್ಪಿಸಿ, ತಾನು ಪ್ರಾಣಿಗಳ ಪಾಠ ತೆಗೆದುಕೊಂಡಿದ್ದಳು. ಸುಮಿತ ಏಕೆಂದು ಕೇಳಿರಲಿಲ್ಲ. ಬೇರಿನಿಂದ ನೀರು ಎಲೆಯ ತುದಿಗೆ ಏರುವ ಬಗೆಯನ್ನು ಎಷ್ಟೋ ವರ್ಷ ಸಂಭ್ರಮದಿಂದ ವಿವರಿಸಿದವಳಿಗೆ ಈಗ ಹಲಗೆಯ ಮೇಲೆ ಮರದ ಚಿತ್ರ ಬರೆಯಲು ಸೀಮೆಸುಣ್ಣ ಹಿಡಿದರೆ ಕೈ ಏಳುತ್ತಿರಲಿಲ್ಲ. ಬಸ್ಸಿನಲ್ಲಿ ಶಿರಸಿ ಕಡೆ ಹೋಗುವಾಗ ಆ ತಿರುವು ಬಂದರೆ ಇನ್ನೊಂದು ಬದಿಯ ಕಿಟಕಿಗೆ ಮುಖ ತಿರುಗಿಸುತ್ತಿದ್ದಳು.

ಸಭೆಗೆ ಮೊದಲು ಒಮ್ಮೆ ಆ ಜಾಗ ನೋಡಬೇಕೆಂದವಳು ಮಗಳು ಸಂಪದಾ. ಅಪ್ಪ ಬಿದ್ದ ಜಾಗವನ್ನೇ ನೋಡದೆ ಎಲ್ಲರೆದುರು ಹೋಗಿ ಕೂರುವುದು ಹೇಗೆ ಎಂದಳು. ಹುಡುಗಿ ಪಿಯುಸಿ ಮುಗಿಸಿದ್ದಳು. ತಂದೆಯ ಸಾವಿನ ನಂತರ ಮಾತು ಕಡಿಮೆಯಾಗಿತ್ತು. ಅಪರೂಪಕ್ಕೆ ಕೇಳಿದ್ದನ್ನು ಇಲ್ಲವೆನ್ನಲು ಶ್ರೀಗೌರಿಗೆ ಮನಸ್ಸಾಗಲಿಲ್ಲ.

ಇಬ್ಬರೂ ತಿರುವಿನಲ್ಲಿ ಬಸ್ಸಿಳಿದರು. ಡಾಂಬರಿನ ಬಿಸಿ ಚಪ್ಪಲಿಯೊಳಗಿಂದ ಏರುತ್ತಿತ್ತು. ಸಾಲಿನೊಳಗೆ ಹೊಕ್ಕೊಡನೆ ಬೆವರು ಆರಿ ಮೈ ತಣ್ಣಗಾಯಿತು. ಎತ್ತರದಲ್ಲಿ ಎರಡೂ ಬದಿಯ ಕೊಂಬೆಗಳು ಕೂಡಿಕೊಂಡಿದ್ದವು. ಎಳೆಯ ಎಲೆಗಳು ಇನ್ನೂ ಕೆಂಪಾಗಿದ್ದವು. ತನ್ನ ಮೈಗೆ ಇಲ್ಲಿ ಹಿತವಾಗುತ್ತಿದೆ ಎಂಬುದೇ ಶ್ರೀಗೌರಿಗೆ ಸಿಟ್ಟು ತರಿಸಿತು.

ನೆರಳಿನಲ್ಲಿ ಈರುಳ್ಳಿ ಮಾರುವ ಗಂಗಾ, ಹೆಣೆದ ಜಡೆಗಳನ್ನು ಕೋಲಿಗೆ ತೂಗುಹಾಕಿ ಕೂತಿದ್ದಳು. ಮರ ಬಿದ್ದ ದಿನ ಮೊದಲು ಓಡಿಬಂದವಳು ಅವಳೇ. ಕಮಲಾಕರನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತವಳೂ ಅವಳೇ. ಅವಳೀಗ ಎದ್ದು ನಿಂತು, ಸೆರಗಿನಿಂದ ಸ್ಟೂಲು ಒರೆಸಿ, ತಾಯಿಮಗಳಿಬ್ಬರಿಗೂ ನೀರು ಕೊಟ್ಟಳು. ಸಭೆಯ ಸುದ್ದಿ ಅವಳಿಗೂ ಮುಟ್ಟಿತ್ತು.

"ಕಡೂದಾದ್ರೆ ಕಡೀಲಿ ಅಕ್ಕೋರೆ. ನಂಗೆ ಕೂರೂಕೆ ಮತ್ತೆಲ್ಲಾದ್ರೂ ಜಾಗ ಸಿಕ್ತದೆ," ಎಂದಳು. ಹಾಗೆನ್ನುವಾಗ ಮೇಲಕ್ಕೆ ನೋಡಲಿಲ್ಲ.

ಬಿದ್ದ ಮರದ ಕಾಂಡವನ್ನು ಆಗಲೇ ತುಂಡು ಮಾಡಿ ಒಯ್ದಿದ್ದರು. ಬುಡ ಮಾತ್ರ ರಸ್ತೆಯ ಪಕ್ಕಕ್ಕೆ ಮಗುಚಿ ಬಿದ್ದಿತ್ತು. ಆಳುದ್ದದ ಬುಡ, ಒಂದು ವರ್ಷದ ಬಿಸಿಲುಮಳೆಗೆ ಮಣ್ಣೆಲ್ಲ ತೊಳೆದುಹೋಗಿ ಬೇರುಗಳು ಬತ್ತಲಾಗಿದ್ದವು. ಶ್ರೀಗೌರಿ ದೂರವೇ ನಿಂತಿದ್ದಳು. ಸಂಪದಾ ಹತ್ತಿರ ಹೋಗಿ ಬಗ್ಗಿದಳು, ಕೈಯಿಂದ ಮುಟ್ಟಿದಳು, ಆಮೇಲೆ ತಾಯಿಯನ್ನು ಕರೆದಳು.

ಗದ್ದೆಯ ಕಡೆಯ ಬೇರುಗಳು ಎಳೆದು ಹರಿದಂತೆ ನಾರುನಾರಾಗಿದ್ದವು. ರಸ್ತೆಯ ಕಡೆಯವು ಹಾಗಿರಲಿಲ್ಲ. ತೊಡೆಗಾತ್ರದ ಬೇರುಗಳು ಒಂದೇ ಸಾಲಿನಲ್ಲಿ, ಗೋಡೆ ಕೊಯ್ದ ಹಾಗೆ ನೆಟ್ಟಗೆ ತುಂಡಾಗಿದ್ದವು. ತುಂಡಾದಲ್ಲಿ ರಾಳ ಉಕ್ಕಿ ಹಳದಿ ಗಾಜಿನಂತೆ ಗಟ್ಟಿಯಾಗಿತ್ತು. ಅಂಚಿನಲ್ಲಿ ಹೊಸ ತೊಗಟೆ ತುಟಿಯ ಹಾಗೆ ಮುಂದೆ ಬಂದು, ಗಾಯ ಮುಚ್ಚಲು ಹೊರಟು ಅರ್ಧಕ್ಕೆ ನಿಂತಿತ್ತು. ಒಳಗೆ ಬೆರಳು ಹಾಕಿದರೆ ಕಪ್ಪಾದ ಹುಡಿ ಉದುರಿತು.

ಶ್ರೀಗೌರಿಗೆ ಅದನ್ನು ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ತೊಗಟೆ ಅಷ್ಟು ಬೆಳೆಯಲು ಎರಡು ವರ್ಷವಾದರೂ ಬೇಕು. ಬೇರು ಕಡಿದಾಗ ಮರ ಬದುಕಿತ್ತು, ಬದುಕಲು ನೋಡಿತ್ತು. ಗಾಯದಿಂದ ಶಿಲೀಂಧ್ರ ಒಳಹೊಕ್ಕು ಬುಡದ ತಿರುಳನ್ನು ತಿನ್ನುತ್ತ ಹೋದಾಗಲೂ ಉಳಿದರ್ಧ ಬೇರುಗಳಿಂದ ನೀರೆಳೆದು ಎಲೆಗಳನ್ನು ಹಸಿರಾಗಿಟ್ಟುಕೊಂಡಿತ್ತು. ಕೆಳಗೆ ಹೋಗಿಬರುವವರಿಗೆ ಏನೂ ಕಾಣುವಂತಿರಲಿಲ್ಲ. ಒಂದೇ ಕಾಲಿನ ಮೇಲೆ ನಿಂತಿದ್ದ ಮರಕ್ಕೆ, ನೆನೆದ ಮಣ್ಣೂ ಹಸಿ ಎಲೆಗಳ ಭಾರವೂ ಸಾಕಾಗಿದ್ದವು.

"ಆಯಿ," ಎಂದಳು ಸಂಪದಾ, ರಸ್ತೆಯ ಅಂಚಿನಲ್ಲಿ ಉದ್ದಕ್ಕೆ ತೋಡಿದ್ದ ಗಟಾರವನ್ನೇ ನೋಡುತ್ತ. "ಇದು ಅಪ್ಪ ಮಾಡ್ಸಿದ ಗಟಾರ ಅಲ್ದಾ?"

ಶ್ರೀಗೌರಿ ಹೌದೆಂದು ತಲೆಯಾಡಿಸಿದಳು.

ಪ್ರತಿ ಮಳೆಗಾಲ ಅಲ್ಲಿ ಮೊಣಕಾಲುದ್ದ ನೀರು ನಿಲ್ಲುತ್ತಿತ್ತು. ಶಾಲೆಯ ಮಕ್ಕಳು ಚೀಲವನ್ನು ತಲೆಯ ಮೇಲಿಟ್ಟುಕೊಂಡು ದಾಟುವುದನ್ನು ಕಮಲಾಕರ ಸೊಸೈಟಿಯ ಕಿಟಕಿಯಿಂದ ನೋಡುತ್ತಿದ್ದ. ಹಟ ಹಿಡಿದು, ತಿರುಗಿ ತಿರುಗಿ, ಕೊನೆಗೂ ಗಟಾರ ಮಂಜೂರು ಮಾಡಿಸಿದ್ದ. ಜೆಸಿಬಿ ತೋಡುವ ದಿನ ರಜೆ ಹಾಕಿ ಅಲ್ಲೇ ನಿಂತಿದ್ದ. ಶ್ರೀಗೌರಿ ಬುತ್ತಿ ಒಯ್ದುಕೊಟ್ಟಿದ್ದಳು. ಕೆಂಪು ಮಣ್ಣಿನ ಗೋಡೆಯಲ್ಲಿ ಬೆಳ್ಳಗೆ ಕಾಣುತ್ತಿದ್ದ ಬೇರಿನ ತುಂಡುಗಳು ಅವಳಿಗೆ ಈಗ ನೆನಪಾದವು. ಅವನು ಒಂದು ತುಂಡನ್ನು ಎತ್ತಿ ಮೂಸಿ, ಎಷ್ಟು ಚಂದದ ಪರಿಮಳ ನೋಡೆಂದು ಅವಳ ಮೂಗಿಗೂ ಹಿಡಿದಿದ್ದ. ಸಂಜೆ ಅದನ್ನು ಮನೆಗೆ ತಂದು ಕೆಂಡದ ಮೇಲೆ ಹಾಕಿದ್ದ. ಮನೆಯೆಲ್ಲ ಧೂಪದ ಹೊಗೆ ತುಂಬಿತ್ತು.

ಅದೇ ಬದಿಯಲ್ಲಿ ಇನ್ನೆರಡು ಮರಗಳ ಬುಡವನ್ನು ಗಟಾರ ಹಾಗೇ ಸವರಿಕೊಂಡು ಹೋಗಿತ್ತು. ಒಂದರ ಬುಡದಲ್ಲಿ ಮರದಷ್ಟೇ ಗಟ್ಟಿಯಾದ ಅಣಬೆಗಳು ಮೂಡಿದ್ದವು. ಮುಂದಿನವಕ್ಕೆ ಗಟಾರ ತಾಗಿರಲಿಲ್ಲ, ಅಷ್ಟು ದೂರ ಹೋಗುವ ಮೊದಲೇ ಕೆಲಸ ನಿಂತಿತ್ತು. ಆಚೆ ಬದಿಯ ಸಾಲಂತೂ ನೆಲವನ್ನು ಅಪ್ಪಿ ಹಿಡಿದು ನಿಂತಿತ್ತು. ಶ್ರೀಗೌರಿ ಪ್ರತಿ ಬುಡದ ಸುತ್ತಲೂ ನಡೆದು ನೋಡಿದಳು. ಸಂಪದಾ ಅವಳ ಹಿಂದೆಯೇ ಬಂದಳು.

ಮರುದಿನ ಅವಳು ಸಂದೇಶನ ಅಂಗಡಿಗೆ ಹೋದಳು. ಕಂಡದ್ದನ್ನೆಲ್ಲ ನಿಧಾನವಾಗಿ ಹೇಳಿದಳು. ಬೀಳುವಂಥವು ಎರಡೇ, ಅವನ್ನು ಕಡಿಯಲೇಬೇಕು, ಉಳಿದವಕ್ಕೆ ಏನೂ ಆಗಿಲ್ಲ, ಅವನ್ನು ಕಡಿದರೆ ರಸ್ತೆ ಹೊಳೆಗೆ ಇಳಿಯುವಲ್ಲಿ ದಂಡೆಯ ಮಣ್ಣು ಹಿಡಿಯಲು ಅಲ್ಲಿ ಮತ್ತೇನೂ ಇಲ್ಲ ಎಂದಳು. ಸಂದೇಶ ಮೊದಲು ಕೂತು ಕೇಳಿಸಿಕೊಂಡ. ಗಟಾರದ ಮಾತು ಬಂದಾಗ ಎದ್ದುಹೋಗಿ ಅಂಗಡಿಯ ಷಟರನ್ನು ಅರ್ಧ ಎಳೆದು ಬಂದ.

"ಅಣ್ಣನ ಸಾವಿಗೆ ಅಣ್ಣನೇ ಕಾರಣ ಹೇಳಿ ಊರೆದುರು ಹೇಳ್ತ್ಯಾ ನೀನು?"

"ಅವಂಗೆ ಗೊತ್ತಿತ್ತಿಲ್ಲೆ, ಸಂದೇಶ. ಯಾರಿಗೂ ಗೊತ್ತಿತ್ತಿಲ್ಲೆ."

"ಗೊತ್ತಿತ್ತಿಲ್ಲೆ ಹೇಳದು ಯಾರೂ ನೆನಪಿಟ್ಕತ್ವಿಲ್ಲೆ. ಗಟಾರ ಮಾಡ್ಸಿ ಸತ್ತ ಹೇಳದು ಮಾತ್ರ ನೆನಪಿಟ್ಕತ್ತ." ಅವನು ಮೇಜಿನ ಮೇಲಿನ ಬಿಲ್ಲುಪುಸ್ತಕವನ್ನು ಮುಚ್ಚಿಟ್ಟ. "ಮರ ಬಿದ್ದು ಸತ್ತ. ಅಷ್ಟೇ ಇರಲಿ. ಅಷ್ಟಾದ್ರೂ ಇರಲಿ, ಅತ್ತಿಗೆ."

ಶ್ರೀಗೌರಿ ಎದ್ದು ಷಟರಿನ ಕೆಳಗೆ ಬಗ್ಗಿ ಹೊರಬಂದಳು. ಇವನು ಅಣ್ಣನ ಬೂದಿಯನ್ನು ಗೋಕರ್ಣಕ್ಕೆ ಒಯ್ದವನು. ದಿನ ಬಿಟ್ಟು ದಿನ ಮನೆಗೆ ಬಂದು ಸಂಪದಾಳನ್ನು ವಿಚಾರಿಸಿಕೊಂಡವನು. ಅವನು ಕೇಳುತ್ತಿದ್ದುದು ದೊಡ್ಡದೇನೂ ಆಗಿರಲಿಲ್ಲ. ಸುಮ್ಮನೆ ಕೂರುವುದು, ಅಷ್ಟೆ. ಮನೆಗೆ ಬಂದು ಅವಳು ಆ ದಿನವೆಲ್ಲ ಸುಮ್ಮನಿರುವುದು ಹೇಗೆಂದೇ ಯೋಚಿಸಿದಳು. ಮರಗಳ ಮೇಲೆ ಅವಳಿಗೆ ಪ್ರೀತಿಯೇನೂ ಮರಳಿ ಬಂದಿರಲಿಲ್ಲ. ಆದರೆ ಕಾರಣ ಹೇಳದೆ ಸಾಲನ್ನೆಲ್ಲ ಕಡಿದು ಮುಗಿಸಿದರೆ ಇನ್ನೊಂದು ಊರಿನಲ್ಲಿ ಇನ್ನೊಬ್ಬ ಒಳ್ಳೆಯ ಮನುಷ್ಯ ಹೀಗೇ ನಿಂತು ಗಟಾರ ತೋಡಿಸುತ್ತಾನೆ, ಎರಡು ಮಳೆಗಾಲ ಕಳೆದು ಬೇರು ಕಡಿದ ಮರದ ಕೆಳಗೆ ಯಾರೋ ಸ್ಕೂಟರಿನಲ್ಲಿ ಹೋಗುತ್ತಾರೆ. ಆ ಯಾರೋ ಒಬ್ಬರ ಮುಖ ಕಣ್ಣೆದುರಿನಿಂದ ಹೋಗಲೊಲ್ಲದು.

ಪಂಚಾಯತಿಯ ಸಭಾಭವನ ತುಂಬಿತ್ತು. ಮುಂದಿನ ಸಾಲಿನಲ್ಲಿ ಅವಳಿಗೆಂದು ಕುರ್ಚಿ ಬಿಟ್ಟಿದ್ದರು. ಒಬ್ಬೊಬ್ಬರಾಗಿ ಎದ್ದು ಮಾತಾಡಿದರು; ಪ್ರತಿಯೊಬ್ಬರೂ ಒಮ್ಮೆ ಅವಳ ಕಡೆ ನೋಡಿ ಕಮಲಾಕರನ ಹೆಸರು ಹೇಳಿ ಕೂತರು. ನಾಗರಾಜರು ನಾಲ್ಕು ಮಾತು ಹೇಳಲು ಎದ್ದವರು ಅವಳ ಮುಖ ಕಂಡು, ಜನರ ಅಭಿಪ್ರಾಯವನ್ನು ಮೇಲಿನವರಿಗೆ ತಿಳಿಸುತ್ತೇನೆಂದು ಮುಗಿಸಿಬಿಟ್ಟರು. ಅಧ್ಯಕ್ಷರು ಹಾಗಾದರೆ ಎಲ್ಲರ ಒಪ್ಪಿಗೆ ಇದೆಯಲ್ಲ ಎಂದಾಗ ಶ್ರೀಗೌರಿ ಎದ್ದಳು.

"ನಂಗೆ ಒಪ್ಪಿಗೆ ಇಲ್ಲ," ಎಂದಳು. "ಆ ಮರ ತಾನಾಗಿ ಬಿದ್ದದ್ದಲ್ಲ. ಗಟಾರ ತೋಡುವಾಗ ಅದರ ಅರ್ಧ ಬೇರು ಹೋಗಿತ್ತು. ಆ ಗಟಾರ ಬೇಕು ಅಂತ ಓಡಾಡಿದವರು ನಮ್ಮನೆಯವರು. ಒಳ್ಳೇದಕ್ಕೇ ಮಾಡಿದ್ರು. ಬೇರು ಕಡಿಯುವಾಗ ನಾನೂ ಅಲ್ಲೇ ಇದ್ದೆ. ಕಲಿಸುವವಳು ನಾನು, ನಂಗೂ ಹೊಳೀಲಿಲ್ಲ."

ಅವಳು ಕೂರಲಿಲ್ಲ. ಯಾವ ಎರಡು ಮರ ಈ ಮಳೆಗೆ ನಿಲ್ಲಲಾರವು, ಅವನ್ನು ಏಕೆ ಕಡಿಯಬೇಕು, ಉಳಿದವು ಏಕೆ ನಿಲ್ಲುತ್ತವೆ ಎಂಬುದನ್ನು ತರಗತಿಯಲ್ಲಿ ಹೇಳುವ ಹಾಗೆ ಒಂದೊಂದಾಗಿ ಹೇಳಿದಳು. ಮರದ ಬೇರು ಪುಸ್ತಕದ ಚಿತ್ರದಲ್ಲಿರುವಂತೆ ಬರೇ ಆಳಕ್ಕೆ ಇಳಿಯುವುದಿಲ್ಲ, ಹೆಚ್ಚಿನದು ಮೇಲುಮಣ್ಣಿನಲ್ಲಿ ಕೊಂಬೆಗಳಿಗಿಂತಲೂ ಆಚೆ ಹರಡಿರುತ್ತದೆ ಎಂದಳು. ಧೂಪದ ಬೀಜ ಮಳೆಯ ಮಣ್ಣಿಗೆ ಬಿದ್ದೊಡನೆ ಮೊಳೆಯಬೇಕು, ಒಣಗಿದರೆ ಸತ್ತಿತು, ತೆಗೆದಿಟ್ಟು ಬೇಕೆಂದಾಗ ಬಿತ್ತಲು ಬರುವುದಿಲ್ಲ ಎಂದಳು. ಹಿಂದಿನ ಸಾಲಿನಲ್ಲಿ ಗಂಗಾ ಕೈಕಟ್ಟಿ ನಿಂತು ಕೇಳುತ್ತಿದ್ದಳು. ಸಂದೇಶ ಮಾತು ಮುಗಿಯುವ ಮೊದಲೇ ಎದ್ದು ಹೊರಗೆ ಹೋದ. ಅವನ ಬೈಕು ಹೊರಟ ಸದ್ದು ಒಳಗೆ ಎಲ್ಲರಿಗೂ ಕೇಳಿಸಿತು.

ಎರಡು ಮರಗಳನ್ನು ಕಡಿಯುವುದು, ಗಟಾರವನ್ನು ಬೇರುಗಳಿಗೆ ತಾಗದ ಹಾಗೆ ಆಚೆ ಗದ್ದೆಯಂಚಿಗೆ ಸರಿಸುವುದು, ಈಗಿರುವುದನ್ನು ಒಳ್ಳೆಯ ಮಣ್ಣಿನಿಂದ ಮುಚ್ಚುವುದು ಎಂದು ತೀರ್ಮಾನವಾಯಿತು. ಕಡಿದ ದಿನ ಶ್ರೀಗೌರಿ ಹೋಗಲಿಲ್ಲ. ಎರಡರಲ್ಲೊಂದು ಒಳಗೆ ಪೂರ್ತಿ ಪೊಳ್ಳಾಗಿತ್ತೆಂದು ನಾಗರಾಜರು ಫೋನು ಮಾಡಿ ತಿಳಿಸಿದರು. ಊರಿನಲ್ಲಿ ಮಾತು ಹುಟ್ಟಿದ್ದು ಅವಳ ಕಿವಿಗೂ ಬಿತ್ತು. ಕಮಲಾಕರ ತನ್ನ ಗುಂಡಿ ತಾನೇ ತೋಡಿಕೊಂಡ ಎಂದು ಯಾರೋ ಬಸ್ಸಿನಲ್ಲಿ ಹೇಳಿದ್ದನ್ನು ಸಂಪದಾ ಕೇಳಿ ಬಂದು ಅತ್ತಳು. ಸಂದೇಶ ಹೇಳಿದ್ದು ಸುಳ್ಳಾಗಿರಲಿಲ್ಲ. ಅವನು ಮನೆಗೆ ಬರುವುದನ್ನು ನಿಲ್ಲಿಸಿದ್ದ. ಶ್ರೀಗೌರಿ ಮುರುಗಲಿನ ಪಾನಕ ಮಾಡಿ ಸಂಪದಾಳ ಕೈಯಲ್ಲಿ ಅಂಗಡಿಗೆ ಕಳಿಸಿದಳು. ಬಾಟಲಿ ತೆಗೆದುಕೊಂಡನಂತೆ.

ಜೂನ್ ಹತ್ತಿರವಾಯಿತು. ಹೊಸ ಗಟಾರ ತೋಡಿ ಆಗಿತ್ತು, ಹಳೆಯದನ್ನು ಮುಚ್ಚುವ ಕೆಲಸ ಮಾತ್ರ ಹಾಗೇ ಉಳಿದಿತ್ತು. ಪಕ್ಕದಲ್ಲಿ ಮಣ್ಣು ಸುರಿದು ಹೋಗಿದ್ದರು, ಆಳು ಸಿಗಲಿಲ್ಲವಂತೆ. ಮುಗಿಲು ಕಪ್ಪಾಗಿ ಕವಿದ ಒಂದು ಮಧ್ಯಾಹ್ನ, ಕತಗಾಲದ ಸೊಸೈಟಿಯಲ್ಲಿ ಗಂಡನ ಕಾಗದಪತ್ರದ ಕೆಲಸ ಮುಗಿಸಿ ಮರಳುತ್ತಿದ್ದ ಶ್ರೀಗೌರಿ ಈ ಬಾರಿ ಕಿಟಕಿಯಿಂದ ಮುಖ ತಿರುಗಿಸಲಿಲ್ಲ. ತಿರುವಿನ ಒಳಗೆ ಸಂದೇಶನ ಬೈಕು ನಿಂತದ್ದು ಕಂಡಿತು. ಅವಳು ಬಸ್ಸು ನಿಲ್ಲಿಸಿ ಇಳಿದಳು.

ಅವನು ಪ್ಯಾಂಟು ಮಡಚಿ ಹಳೆಯ ಗಟಾರದೊಳಗೆ ನಿಂತಿದ್ದ. ಗಟಾರ ಮುಗಿಯುವಲ್ಲಿ ಉಳಿದು ನಿಂತ ಮರದಿಂದ ಅದರೊಳಕ್ಕೆ ಚಾಚಿಕೊಂಡಿದ್ದ ಸಣ್ಣ ಬೇರುಗಳ ಮೇಲೆ ಸಲಿಕೆಯಿಂದ ಮಣ್ಣು ಎಳೆಯುತ್ತಿದ್ದ. ಸಲಿಕೆ ತಾಗುತ್ತದೆನ್ನಿಸಿದ ಕಡೆ ಅದನ್ನು ಬದಿಗಿಟ್ಟು ಕೈಯಿಂದಲೇ ತುಂಬುತ್ತಿದ್ದ. ಅಂಗಿ ಬೆನ್ನಿಗೆ ಅಂಟಿತ್ತು. ಅವಳು ಬಂದದ್ದು ಗೊತ್ತಾಗಿಯೂ ತಲೆಯೆತ್ತಲಿಲ್ಲ.

ಶ್ರೀಗೌರಿ ಚೀಲವನ್ನು ರಸ್ತೆಯ ಅಂಚಿನಲ್ಲಿಟ್ಟು, ಸೆರಗು ಸಿಕ್ಕಿಸಿಕೊಂಡು, ರಾಶಿಯ ಈಚೆ ಬದಿಗೆ ಮಂಡಿಯೂರಿದಳು. ಮಣ್ಣು ಬೆಚ್ಚಗಿತ್ತು. ಇಬ್ಬರೂ ಎರಡು ಕಡೆಯಿಂದ ಮಣ್ಣೆಳೆದು, ಅಂಗೈಯಿಂದ ಮೆಲ್ಲಗೆ ಒತ್ತುತ್ತ ಬಂದರು. ಗದ್ದೆಗಳಾಚೆ ಮಳೆಯ ಸದ್ದು ಕೇಳತೊಡಗಿತು, ಮೊದಲ ಹನಿಗಳು ಎತ್ತರದ ಎಲೆಗಳ ಮೇಲೆ ಬಿದ್ದು ಅಲ್ಲೇ ನಿಂತವು.